ಅಕ್ಕನ ಜೀವನಾಂಶದ ರಿವಿಜನ್‌ಗೆ ಕಾನೂನು ಸೇವಾ ಪ್ರಾಧಿಕಾರದ ಫ್ರೀ ವಕೀಲರು, ನಮಗಾದ ಅನುಭವ

ಫ್ರೀ ಲಾಯರ್ ಅಂದ್ರೆ ಮನಸಿಟ್ಟು ಕೆಲ್ಸ ಮಾಡಲ್ಲ, ಸುಮ್ನೆ ಡೇಟ್ ಮೇಲೆ ಡೇಟ್ ತಗೊಂಡು ಅಲೆದಾಡಿಸ್ತಾರೆ ಅಂತ ನಾವೂ ನಂಬ್ಕೊಂಡಿದ್ದೋರೇ. ಅದಕ್ಕೇ ಮೂರು ವರ್ಷ ಆ ಕಡೆ ತಲೆ ಹಾಕ್ಲಿಲ್ಲ. ಈಗ ಅಕ್ಕನ ಕೇಸು ಸೆಷನ್ಸ್ ಕೋರ್ಟಲ್ಲಿ ರಿವಿಜನ್ (ಕೆಳಗಿನ ಕೋರ್ಟಿನ ಆರ್ಡರ್ ಸರಿಯಿದೆಯಾ ಅಂತ ಮೇಲಿನ ಕೋರ್ಟು ಪರಿಶೀಲಿಸೋದು) ಆಗಿ ಆರ್ಡರ್ ಬಂದಿದೆ, ನಡೆಸಿಕೊಟ್ಟಿದ್ದು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಿಂದ ಕೊಟ್ಟ ಪ್ಯಾನಲ್ ವಕೀಲರು, ಹಾಗಾಗಿ ಈ ಸರ್ವಿಸ್ ಹೆಂಗಿತ್ತು ಅಂತ ವಿವರವಾಗಿ ಬರೀತಿದೀನಿ. ಕೆಳಗಿನ ಕೋರ್ಟಿನ ಆರ್ಡರ್ ಕೈಲಿಟ್ಕೊಂಡು ಮುಂದೇನು ಮಾಡ್ಬೇಕು ಗೊತ್ತಾಗ್ದೆ ಕೂತಿರೋರು ದಯವಿಟ್ಟು ಪೂರ್ತಿ ಓದಿ, ಯಾಕಂದ್ರೆ ಟೈಮ್ ಲಿಮಿಟ್ ಇದೆ.

ಮೊದ್ಲು ಕೇಸೇನು ಅಂತ ಹೇಳ್ತೀನಿ. ಅಕ್ಕ 2021ರ ಆಗಸ್ಟಲ್ಲಿ ತನಗೂ ಮಗಳಿಗೂ ಜೀವನಾಂಶ ಬೇಕು ಅಂತ ಸಿಆರ್‌ಪಿಸಿ (ದಂಡ ಪ್ರಕ್ರಿಯಾ ಸಂಹಿತೆ) ಸೆಕ್ಷನ್ 125ರಲ್ಲಿ ಅರ್ಜಿ ಹಾಕಿದ್ಲು. ನಮ್ ತಾಲ್ಲೂಕಲ್ಲಿ ಫ್ಯಾಮಿಲಿ ಕೋರ್ಟ್ ಇಲ್ಲ, ಹಾಗಾಗಿ ಮ್ಯಾಜಿಸ್ಟ್ರೇಟ್ ಕೋರ್ಟಲ್ಲೇ ನಡೀತು. ಆರ್ಡರ್ ಆಗಿದ್ದು 2024ರ ನವೆಂಬರ್ 14ಕ್ಕೆ. ಅಕ್ಕನಿಗೆ ತಿಂಗಳಿಗೆ 5,000, ಮಗುಗೆ 3,000. ಕೇಳಿದ ತಕ್ಷಣ ಖುಷಿನೇ ಆಯ್ತು, ಆದ್ರೆ ಆರ್ಡರಿನ ಕೊನೇ ಪ್ಯಾರಾದಲ್ಲಿ ಎರಡೇ ಎರಡು ಪದ ಇತ್ತು, "ಆದೇಶದ ದಿನಾಂಕದಿಂದ" ಅಂತ. ಅಂದ್ರೆ ಅರ್ಜಿ ಹಾಕಿದ ದಿನದಿಂದ ಆರ್ಡರ್ ಆಗೋವರೆಗಿನ 39 ತಿಂಗಳಿಗೆ ಒಂದ್ ಪೈಸೆ ಇಲ್ಲ. ತಿಂಗಳಿಗೆ 8,000 ಅಂದ್ರೆ ಲೆಕ್ಕ ಹಾಕಿ, 3,12,000 ರೂಪಾಯಿ. ಆ 39 ತಿಂಗಳು ಮಗು ಸ್ಕೂಲ್ ಫೀಸು ಕಟ್ಟಿದ್ದು ಅಪ್ಪನ ಪೆನ್ಷನ್ನಿಂದ. ಯಾಕೆ ಅರ್ಜಿ ದಿನದಿಂದ ಕೊಡ್ಲಿಲ್ಲ ಅನ್ನೋದಕ್ಕೆ ಆರ್ಡರಲ್ಲಿ ಒಂದು ಸಾಲು ಕಾರಣನೂ ಇರ್ಲಿಲ್ಲ.

ಆಗ ನಮ್ ಕೇಸ್ ನೋಡ್ತಿದ್ದ ಖಾಸಗಿ ವಕೀಲರ ಹೆಸರು ಬರೆಯಲ್ಲ. ಅವ್ರು "ಆರ್ಡರ್ ನಿಮ್ ಪರವಾಗೇ ಬಂದಿದೆಯಲ್ಲಮ್ಮ, ಇನ್ನೇನು ಬೇಕು" ಅಂದ್ರು. ಅಕ್ಕ ಬಿಡದೆ ಕೇಳಿದ್ಮೇಲೆ "ಸರಿ, ಅಪೀಲ್ ಹಾಕೋಣ ಬಿಡಿ" ಅಂದ್ರು, ಅಂದೋರು ಡಿಸೆಂಬರ್ ಪೂರ್ತಿ ನಾಳೆ ನಾಡಿದ್ದು ಅಂತ ತಳ್ಳಿದ್ರು, ಆರ್ಡರಿನ ಸರ್ಟಿಫೈಡ್ ಕಾಪಿಗೆ ಅರ್ಜಿನೇ ಹಾಕಿರ್ಲಿಲ್ಲ ಅಂತ ನಮಗೆ ಗೊತ್ತಾಗಿದ್ದು ಜನವರಿಲಿ. ಆಮೇಲೆ ತಿಳ್ಕೊಂಡ ಇನ್ನೊಂದು ವಿಷಯ ಏನಂದ್ರೆ 125ರ ಆರ್ಡರ್ ಮೇಲೆ ಅಪೀಲೇ ಇಲ್ಲ, ಇರೋದು ರಿವಿಜನ್ ಮಾತ್ರ. ಎರಡು ತಿಂಗಳು ಇಲ್ಲದೇ ಇರೋ ಬಾಗಿಲು ತಟ್ಟೋಕೆ ಕಾಯ್ತಾ ಕೂತಿದ್ವಿ. ಇದನ್ನ ನೆನೆಸ್ಕೊಂಡ್ರೆ ಈಗ್ಲೂ ಸಂಕಟ ಆಗುತ್ತೆ.

ಪ್ರಾಧಿಕಾರದ ಬಗ್ಗೆ ಹೇಳಿದ್ದು ಅಂಗನವಾಡಿ ಟೀಚರೊಬ್ರು. 15100 ಅಂತ ಒಂದು ಸಹಾಯವಾಣಿ ನಂಬರ್ ಇದೆ, ಅದಕ್ಕೆ ಮಾಡಿದ್ರೆ ನಿಮ್ ಜಿಲ್ಲೆ ಆಫೀಸಿಗೆ ಹೋಗಿ ಅಂತಾರೆ. ಆಫೀಸು ಜಿಲ್ಲಾ ಕೋರ್ಟ್ ಕಾಂಪೌಂಡಲ್ಲೇ ಇತ್ತು. ನಾನು ಆದಾಯ ಪ್ರಮಾಣಪತ್ರ, ರೇಷನ್ ಕಾರ್ಡು ಎಲ್ಲಾ ಹೊತ್ಕೊಂಡು ಹೋಗಿದ್ದೆ, ಅಲ್ಲಿದ್ದೋರು ಆದಾಯದ ಸರ್ಟಿಫಿಕೇಟು ಬದಿಗಿಟ್ಟು "ಹೆಣ್ಮಕ್ಕಳಿಗೆ ಆದಾಯದ ಮಿತಿ ಇಲ್ಲಪ್ಪ" ಅಂದ್ರು. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ ಸೆಕ್ಷನ್ 12ರಲ್ಲಿ ಹಂಗೇ ಇದೆ, ಮಹಿಳೆಯರು, ಮಕ್ಕಳು, ಪರಿಶಿಷ್ಟ ಜಾತಿ ಪಂಗಡದೋರು, ಅಂಗವಿಕಲರು, ಕಸ್ಟಡಿಲಿ ಇರೋರು ಇವರಿಗೆಲ್ಲಾ ಆದಾಯ ಎಷ್ಟಿದ್ರೂ ಉಚಿತ ವಕೀಲರು ಸಿಗ್ತಾರೆ. ಇಷ್ಟು ಚಿಕ್ಕ ವಿಷಯ ಮೂರು ವರ್ಷ ಯಾರೂ ನಮಗೆ ಹೇಳ್ಲಿಲ್ಲ. ಕೋರ್ಟ್ ಗೇಟಲ್ಲಿ ದೊಡ್ಡ ಅಕ್ಷರದಲ್ಲಿ ಬರೆದು ಹಾಕ್ಬೇಕು ಇದನ್ನ.

ಒಂದು ಫಾರಂ ತುಂಬಿಸಿ, ಆಧಾರ್ ಜೆರಾಕ್ಸ್ ಕೊಟ್ವಿ. ಕಾಪಿ ಇನ್ನೂ ತಗೊಂಡಿಲ್ಲ ಅಂದ ತಕ್ಷಣ "ಮೊದ್ಲು ಹೋಗಿ ಕಾಪಿ ಅಪ್ಲಿಕೇಶನ್ ಹಾಕಿ, ಇವತ್ತೇ" ಅಂತ ಜೋರಾಗೇ ಹೇಳಿ ಕಳ್ಸಿದ್ರು. ಜನವರಿ 20ಕ್ಕೆ ಹಾಕಿದ್ವಿ, 29ಕ್ಕೆ ಸಿಕ್ತು. ಅಷ್ಟರಲ್ಲಿ ವಕೀಲರ ನೇಮಕದ ಪತ್ರನೂ ಬಂದಿತ್ತು.

ವಕೀಲ ಮೇಡಂ ಹತ್ರ ಮೊದಲನೇ ಸಲ ಕೂತಿದ್ದು ನನಗೆ ಚೆನ್ನಾಗಿ ನೆನಪಿದೆ. ಆರ್ಡರ್ ಕೊಟ್ರೆ ಅವ್ರು ಓದೋಕೆ ಶುರು ಮಾಡ್ಲಿಲ್ಲ, ಸೀದಾ ಕೊನೇ ಹಾಳೆ ತಿರುಗಿಸಿ ಹಿಂದಿದ್ದ ಸೀಲ್ ನೋಡಿದ್ರು. ಕಾಪಿಗೆ ಅರ್ಜಿ ಹಾಕಿದ ದಿನ, ಕಾಪಿ ರೆಡಿಯಾದ ದಿನ, ಕೊಟ್ಟ ದಿನ, ಎಲ್ಲಾ ನೇರಳೆ ಇಂಕಲ್ಲಿ ಅರ್ಧ ಅಳ್ಸೋದಂಗೆ ಇತ್ತು. ಅದನ್ನ ಕಿಟಕಿ ಹತ್ರ ಹಿಡ್ಕೊಂಡು ಓದಿ ಫೈಲ್ ಮೇಲೆ ಪೆನ್ಸಿಲಲ್ಲಿ ಲೆಕ್ಕ ಬರೆದ್ರು. ರಿವಿಜನ್ ಹಾಕೋಕೆ ಆರ್ಡರ್ ಆದ ದಿನದಿಂದ 90 ದಿನ, ಆ ಲೆಕ್ಕದಲ್ಲಿ ಫೆಬ್ರವರಿ 12ಕ್ಕೆ ಮುಗೀತು. ಆದ್ರೆ ಕಾಪಿ ತಗೊಳ್ಳೋಕೆ ಹಿಡಿದ ದಿನ ಲಿಮಿಟೇಶನ್ ಕಾಯ್ದೆ ಪ್ರಕಾರ ಕಳೀಬಹುದಂತೆ, ಹಂಗಾಗಿ ಇನ್ನೂ ಹತ್ತು ದಿನ ಕೈಲಿದೆ ಅಂದ್ರು. ತಡ ಆದ್ರೆ ಕಾರಣ ತೋರಿಸಿ ವಿಳಂಬ ಮನ್ನಾ ಮಾಡಿ ಅಂತ ಬೇರೆ ಅರ್ಜಿ ಹಾಕ್ಬಹುದು, ಆದ್ರೆ ಅದನ್ನ ನಂಬ್ಕೊಂಡು ಕೂರ್ಬೇಡಿ, ಅದರ ಮೇಲೇ ಮೊದಲು ಅರ್ಧ ವರ್ಷ ಜಗಳ ಆಗುತ್ತೆ ಅಂದ್ರು. ಫೆಬ್ರವರಿ 17ಕ್ಕೆ ಫೈಲ್ ಆಯ್ತು.

ಈ ಸರ್ವಿಸಲ್ಲಿ ನನಗೆ ಎಲ್ಲಕ್ಕಿಂತ ದೊಡ್ಡದು ಅನ್ಸಿದ್ದು ಈ ಮುಂದಿಂದು. ನಾನೂ ಅಕ್ಕನೂ ರಾತ್ರಿ ಕೂತು ಎರಡು ಹಾಳೆ ತುಂಬ ಕೆಳಗಿನ ಕೋರ್ಟಲ್ಲಿ ಏನೇನು ತಪ್ಪಾಗಿದೆ ಅಂತ ಬರ್ಕೊಂಡು ಹೋಗಿದ್ವಿ. ಭಾವ ಸಾಕ್ಷಿ ಹೇಳುವಾಗ ಸುಳ್ಳು ಹೇಳಿದ್ದು, ಅವರ ಚಿಕ್ಕಪ್ಪ ಕಟಕಟೇಲಿ ಮಾತು ಬದಲಾಯಿಸಿದ್ದು, ಜಮೀನಿನ ಪಹಣಿ ನಾವು ಸರಿಯಾಗಿ ತೋರಿಸೋಕೆ ಆಗದೇ ಇದ್ದಿದ್ದು, ಹಿಂಗೆ 14 ಪಾಯಿಂಟು. ಮೇಡಂ ಒಂದೊಂದೇ ಓದಿ, ಸಮಾಧಾನವಾಗೇ, ಪೆನ್ಸಿಲಲ್ಲಿ ಅಡ್ಡ ಗೆರೆ ಎಳೀತಾ ಹೋದ್ರು. ಅಕ್ಕನ ಕಣ್ಣಲ್ಲಿ ನೀರು ಬಂತು. ಕೊನೆಗೆ ಉಳಿದಿದ್ದು ಎರಡೇ.

ಆಮೇಲೆ ಯಾಕೆ ಅಂತ ಹೇಳಿದ್ರು. ರಿವಿಜನ್ ಅಂದ್ರೆ ಕೇಸು ಮತ್ತೆ ಮೊದಲಿಂದ ನಡೆಯೋದಲ್ಲಮ್ಮ, ಮೇಲಿನ ಕೋರ್ಟು ಕೆಳಗಿನ ಕೋರ್ಟಿನ ರೆಕಾರ್ಡ್ ತರಿಸ್ಕೊಂಡು ಆ ಆರ್ಡರ್ ಸರಿಯಾಗಿದೆಯಾ, ಕಾನೂನು ಪ್ರಕಾರ ಇದೆಯಾ, ಔಚಿತ್ಯ ಇದೆಯಾ, ನಡೆಸಿದ ರೀತಿ ಕ್ರಮಬದ್ಧವಾಗಿದೆಯಾ ಅಂತ ಮಾತ್ರ ನೋಡುತ್ತೆ, ಹೊಸ ಸಾಕ್ಷಿ ಕೇಳಲ್ಲ, ಯಾರ ಮಾತು ನಂಬ್ಬೇಕಿತ್ತು ಅಂತ ಸಾಕ್ಷಿನ ಮತ್ತೆ ತೂಗಲ್ಲ, ಇಬ್ರು ಹೇಳಿದ್ರಲ್ಲಿ ಒಬ್ರನ್ನ ಮ್ಯಾಜಿಸ್ಟ್ರೇಟ್ ನಂಬಿದಾರೆ ಅಂದ್ರೆ ಅದು ಎದ್ದು ಕಾಣೋವಷ್ಟು ವಿಪರೀತ ಆಗಿಲ್ಲದಿದ್ರೆ ಸೆಷನ್ಸ್ ಜಡ್ಜ್ ಅದನ್ನ ಮುಟ್ಟಲ್ಲ ಅಂದ್ರು. ಹಳೇ ಸಿಆರ್‌ಪಿಸಿಲಿ ಇದು ಸೆಕ್ಷನ್ 397, 2024ರ ಜುಲೈ 1ರಿಂದ ಅದರ ಬದಲಿಗೆ ಬಂದ ಬಿಎನ್ಎಸ್ಎಸ್ ಅನ್ನೋ ಹೊಸ ಕಾನೂನಲ್ಲಿ 438. ಅಮಿತ್ ಕಪೂರ್ ಕೇಸಲ್ಲಿ ಸುಪ್ರೀಂ ಕೋರ್ಟು 2012ರಲ್ಲಿ ಇದೇ ಮಾತು ಬಿಡಿಸಿ ಹೇಳಿದೆ, ಕಣ್ಣಿಗೆ ಕಾಣೋ ಕಾನೂನಿನ ತಪ್ಪು ಅಥವಾ ಅಧಿಕಾರ ವ್ಯಾಪ್ತಿಯ ತಪ್ಪು ಇರ್ಬೇಕು ಅಂತ. ನಿಮ್ 14 ಪಾಯಿಂಟೂ ಬರೆದ್ರೆ ಜಡ್ಜ್ ಮೊದಲ ಮೂರು ಓದಿ ಇದು ಅಪೀಲ್ ತರ ಇದೆ ಅಂತ ಪಕ್ಕಕ್ಕಿಡ್ತಾರೆ, ಒಳ್ಳೇ ಪಾಯಿಂಟು 13ನೇ ನಂಬರಲ್ಲಿ ಕೂತಿರುತ್ತೆ ಅಂದ್ರು. ಇಷ್ಟು ನೇರವಾಗಿ ಏನಾಗಲ್ಲ ಅಂತ ಹೇಳೋ ವಕೀಲರನ್ನ ನಾವು ಮೊದಲ ಸಲ ನೋಡಿದ್ದು, ದುಡ್ಡು ಕೊಟ್ಟ ಕಡೆ ಎಲ್ಲಾ ಆಗುತ್ತೆ ಆಗುತ್ತೆ ಅಂತಾನೇ ಕೇಳಿದ್ವಿ.

ಉಳಿಸ್ಕೊಂಡ ಎರಡು ಪಾಯಿಂಟ್ ಯಾವ್ದು ಅಂದ್ರೆ, ಒಂದು, 125ರ ಅಂತಿಮ ಆರ್ಡರಲ್ಲಿ ಪ್ರತಿ ತೀರ್ಮಾನಕ್ಕೂ ಕಾರಣ ಬರೀಲೇಬೇಕು ಅಂತ ಸಿಆರ್‌ಪಿಸಿ 354ರ ಆರನೇ ಉಪವಿಭಾಗ ಹೇಳುತ್ತೆ, ಇಲ್ಲಿ ಆರ್ಡರ್ ದಿನದಿಂದ ಅನ್ನೋದಕ್ಕೆ ಕಾರಣನೇ ಇಲ್ಲ. ಎರಡು, ರಜನೀಶ್ ವರ್ಸಸ್ ನೇಹಾ ಅಂತ 2020ರ ನವೆಂಬರಲ್ಲಿ ಬಂದ ಸುಪ್ರೀಂ ಕೋರ್ಟ್ ತೀರ್ಪು, ಜೀವನಾಂಶ ಅರ್ಜಿ ಹಾಕಿದ ದಿನದಿಂದಲೇ ಕೊಡ್ಬೇಕು ಅಂತ ಅದರಲ್ಲಿ ಸ್ಪಷ್ಟವಾಗಿದೆ, ಗಂಡ ಹೆಂಡತಿ ಇಬ್ರೂ ಆಸ್ತಿ ಸಾಲದ ಅಫಿಡವಿಟ್ ಹಾಕ್ಬೇಕು ಅಂತಾನೂ ಅದೇ ತೀರ್ಪಲ್ಲಿದೆ. ನಮ್ ಅರ್ಜಿ ಹಾಕಿದ್ದು 2021ರಲ್ಲಿ, ಅಂದ್ರೆ ಆ ತೀರ್ಪು ಬಂದ್ಮೇಲೆ. ಹಳೇ ವಕೀಲರು ಮೂರು ವರ್ಷದಲ್ಲಿ ಒಂದ್ಸಲನೂ ಅದರ ಹೆಸರೆತ್ತಿರ್ಲಿಲ್ಲ.

ಎಲ್ಲಿ ಹಾಕೋದು ಅನ್ನೋದೂ ನಮಗೆ ಗೊತ್ತಿರ್ಲಿಲ್ಲ. ಪರಿಚಯದೋರೆಲ್ಲಾ ಸೀದಾ ಹೈಕೋರ್ಟಿಗೇ ಹೋಗಿ ಅಂತಿದ್ರು. ಮ್ಯಾಜಿಸ್ಟ್ರೇಟ್ ಆರ್ಡರಾದ್ರೆ ಸೆಷನ್ಸ್‌ಗೂ ಹಾಕ್ಬಹುದು ಹೈಕೋರ್ಟಿಗೂ ಹಾಕ್ಬಹುದು, ಆದ್ರೆ ಒಂದೇ ಕಡೆ, ಒಂದೇ ಸಲ. ಒಂದ್ಕಡೆ ಹಾಕಿ ಸೋತು ಇನ್ನೊಂದ್ಕಡೆ ಅದೇ ರಿವಿಜನ್ ಹಾಕೋ ಹಂಗಿಲ್ಲ. ಫ್ಯಾಮಿಲಿ ಕೋರ್ಟಿನ ಆರ್ಡರಾದ್ರೆ ಮಾತ್ರ ಹೈಕೋರ್ಟಿಗೇ ಹೋಗ್ಬೇಕು. ಅಕ್ಕಂಗೆ ಮಗು ಬಿಟ್ಟು ಬೆಂಗಳೂರಿಗೆ ಓಡಾಡೋಕಾಗಲ್ಲ, ಇಲ್ಲಿರೋದು ಶುದ್ಧ ಕಾನೂನಿನ ಪಾಯಿಂಟು, ಸೆಷನ್ಸ್ ಸಾಕು ಅಂತ ಮೇಡಂ ನಿರ್ಧಾರ ಮಾಡಿದ್ರು. ಅದು ಸರಿಯಾಗೇ ಇತ್ತು.

ವಿಚಾರಣೆ ಬಗ್ಗೆ. ಒಟ್ಟು ಏಳು ಡೇಟ್. ಭಾವನಿಗೆ ನೋಟಿಸ್ ಮುಟ್ಟೋಕೆ ಎರಡು ಡೇಟ್ ಹೋಯ್ತು. ಆಮೇಲೆ ಕೆಳಗಿನ ಕೋರ್ಟಿನ ರೆಕಾರ್ಡ್ಸ್ ಬರ್ಬೇಕು, ಎಲ್‌ಸಿಆರ್ ಅಂತಾರೆ ಅದನ್ನ, ಅದಕ್ಕೆ ಇನ್ನೆರಡು ಡೇಟ್. ಮೇಡಂ ಎಲ್ಲಾ ದಾಖಲೆಯ ಕಾಪಿ ನಾವೇ ಹಾಕಿದೀವಿ, ಫೈಲ್ ತರಿಸ್ದೇನೇ ವಾದ ಕೇಳಿ ಅಂತ ಮೆಮೊ ಕೊಟ್ಟಿದ್ರು, ಯಾಕಂದ್ರೆ ಫೈಲ್ ಮೇಲಕ್ಕೆ ಹೋದ್ರೆ ಕೆಳಗೆ ವಸೂಲಿ ಅರ್ಜಿ ನಿಂತೋಗೋ ಭಯ ಇರುತ್ತೆ, ಆದ್ರೂ ಜಡ್ಜ್ ರೆಕಾರ್ಡ್ ನೋಡ್ಲೇಬೇಕು ಅಂದ್ರು. ಇನ್ನೊಂದ್ಕಡೆ ಭಾವ "ಕೇಸ್ ಮೇಲಿನ ಕೋರ್ಟಲ್ಲಿದೆ, ಅದು ಮುಗಿಯೋವರ್ಗೂ ಏನೂ ಕೊಡಲ್ಲ" ಅಂತ ಊರಲ್ಲೆಲ್ಲಾ ಹೇಳ್ಕೊಂಡು ತಿಂಗಳ ದುಡ್ಡೂ ನಿಲ್ಲಿಸಿದ್ರು. ನಾವು ಹೆದರಿದ್ವಿ. ರಿವಿಜನ್ ಹಾಕಿದ ಮಾತ್ರಕ್ಕೆ ಕೆಳಗಿನ ಆರ್ಡರ್ ನಿಲ್ಲಲ್ಲ, ಕೋರ್ಟ್ ಸ್ಟೇ ಕೊಟ್ರೆ ಮಾತ್ರ ನಿಲ್ಲೋದು, ಇಲ್ಲಿ ಸ್ಟೇ ಕೇಳಿರೋರೇ ಇಲ್ಲ ಅಂತ ಮೇಡಂ ಹೇಳಿ ಕೆಳಗಿನ ಕೋರ್ಟಲ್ಲಿ ತಕ್ಷಣ ವಸೂಲಿ ಅರ್ಜಿ ಹಾಕ್ಸಿದ್ರು. ವಾರಂಟ್ ಹೊರಡೋ ಮಾತು ಬಂದ್ಮೇಲೆ ನಿಂತಿದ್ದ ತಿಂಗಳ ಹಣ ಬಂತು.

ವಾದದ ದಿನ ಅಕ್ಕನೂ ಬಂದಿದ್ಲು, ಬರಲೇಬೇಕು ಅಂತೇನಿರ್ಲಿಲ್ಲ. ಮೇಡಂ ಮಾತಾಡಿದ್ದು ಹತ್ತು ನಿಮಿಷನೂ ಇಲ್ಲ. ಆರ್ಡರಿನ ಕೊನೇ ಪ್ಯಾರಾ ಓದಿದ್ರು, ಅದಕ್ಕಿಂತ ಹಿಂದಿನ ಯಾವ ಪುಟದಲ್ಲಾದ್ರೂ ದಿನಾಂಕದ ಬಗ್ಗೆ ಒಂದು ಮಾತಿದ್ರೆ ನನ್ನ ಅರ್ಜಿ ವಾಪಸ್ ತಗೊಳ್ತೀನಿ ಸ್ವಾಮಿ ಅಂದ್ರು. ಜಡ್ಜ್ ತಾವೇ ಹಾಳೆ ಹಿಂದಕ್ಕೂ ಮುಂದಕ್ಕೂ ತಿರುಗಿಸಿ ನೋಡಿದ್ರು, ಕೋರ್ಟ್ ಹಾಲಲ್ಲಿ ಆ ಹಾಳೆ ಸದ್ದು ಬಿಟ್ರೆ ಏನೂ ಕೇಳ್ತಿರ್ಲಿಲ್ಲ, ಅಕ್ಕ ನನ್ನ ಕೈ ಹಿಡ್ಕೊಂಡಿದ್ಲು. ಎದುರು ವಕೀಲರು ಯಾವ ದಿನದಿಂದ ಅನ್ನೋದು ಮ್ಯಾಜಿಸ್ಟ್ರೇಟ್ ವಿವೇಚನೆಗೆ ಬಿಟ್ಟಿದ್ದು, ರಿವಿಜನಲ್ಲಿ ಅದಕ್ಕೆ ಕೈ ಹಾಕಂಗಿಲ್ಲ ಅಂತ ವಾದಿಸಿದ್ರು. ವಿವೇಚನೆ ಇದೆ, ಆದ್ರೆ ವಿವೇಚನೆ ಬಳಸಿದಾರೆ ಅನ್ನೋಕೆ ಕಾರಣ ಬರೆದಿರ್ಬೇಕಲ್ವಾ, ಅಂದ್ರು ಮೇಡಂ. ಅಷ್ಟೇ.

ಆರ್ಡರ್ ಸೆಪ್ಟೆಂಬರಲ್ಲಿ ಬಂತು, ರಿವಿಜನ್ ಭಾಗಶಃ ಮಂಜೂರು. 5,000 ಮತ್ತು 3,000 ಹಂಗೇ ಉಳೀತು, ಆದ್ರೆ ಅರ್ಜಿ ಹಾಕಿದ ದಿನದಿಂದ ಕೊಡ್ಬೇಕು ಅಂತ ಬದಲಾಯ್ತು. ಮೊತ್ತ ಜಾಸ್ತಿ ಮಾಡಿ ಅಂತ ನಾವು ಹಠ ಹಿಡಿದು ಸೇರಿಸಿದ್ದ ಕೋರಿಕೆನ ಸಾಕ್ಷಿ ಮತ್ತೆ ತೂಗೋಕಾಗಲ್ಲ ಅಂತ ತಿರಸ್ಕಾರ ಮಾಡಿದಾರೆ, ಮೇಡಂ ಇದು ನಿಲ್ಲಲ್ಲ ಅಂತ ಮೊದಲೇ ಹೇಳಿದ್ರು. ಪರಿಸ್ಥಿತಿ ಬದಲಾದ್ರೆ, ಮಗು ದೊಡ್ಡ ಕ್ಲಾಸಿಗೆ ಹೋಯ್ತು, ಭಾವನ ಸಂಬಳ ಏರ್ತು ಅಂದ್ರೆ, ಮ್ಯಾಜಿಸ್ಟ್ರೇಟ್ ಹತ್ರಾನೇ 127ರಲ್ಲಿ, ಈಗಿನ ಬಿಎನ್ಎಸ್ಎಸ್ 146ರಲ್ಲಿ, ಹೆಚ್ಚು ಮಾಡಿ ಅಂತ ಹೊಸ ಅರ್ಜಿ ಹಾಕ್ಬಹುದಂತೆ.

ಇನ್ನು ಸರ್ವಿಸಲ್ಲಿ ಸರಿ ಹೋಗದೇ ಇದ್ದಿದ್ದೂ ಹೇಳ್ಬೇಕು. ಮೇಡಂ ಫೋನ್ ಸಂಜೆ ಆರರ ಮೇಲೆ ಮಾತ್ರ ಎತ್ತೋರು, ಮಧ್ಯಾಹ್ನ ಏನಾಯ್ತು ಅಂತ ತಿಳ್ಕೊಳ್ಳೋಕೆ ಜೀವ ಹಿಡ್ಕೊಂಡು ಕಾಯ್ಬೇಕಿತ್ತು. ಆಮೇಲಾಮೇಲೆ ನಾನೇ ಪ್ರತಿ ಕೇಸಿಗೂ ಬೇರೆ ಬೇರೆ ಇರೋ 16 ಅಂಕಿ ಅಕ್ಷರದ ಸಿಎನ್ಆರ್ ನಂಬರ್ ಹಾಕಿ ಇ ಕೋರ್ಟ್ಸ್ ಆಪಲ್ಲಿ ಮುಂದಿನ ಡೇಟ್ ನೋಡೋದು ಕಲಿತೆ, ನಿಮಗೂ ಅದೇ ಹೇಳ್ತೀನಿ, ಕೇಸ್ ಫೈಲಾದ ದಿನಾನೇ ಆ ನಂಬರ್ ಇಸ್ಕೊಳ್ಳಿ. ಒಂದು ಡೇಟಿಗೆ ಮೇಡಂ ಬೇರೆ ಕೋರ್ಟಲ್ಲಿ ಸಿಕ್ಕಾಕೊಂಡು ಜೂನಿಯರ್ ಹುಡುಗನ್ನ ಕಳ್ಸಿದ್ರು, ಆತ ಟೈಮ್ ಕೇಳಿದ, ಅವತ್ತು ಅಕ್ಕ ಕೂಲಿ ಬಿಟ್ಟು ಬಂದಿದ್ಲು, ಬೇಜಾರಾಯ್ತು. ರಿವಿಜನ್ ಪಿಟಿಷನ್ ಇಂಗ್ಲಿಷಲ್ಲಿ ಟೈಪಾಗಿತ್ತು, ಸಹಿ ಹಾಕೋ ಮುಂಚೆ ಮೇಡಂ ಕನ್ನಡದಲ್ಲಿ ಸಾಲು ಸಾಲಾಗಿ ಹೇಳಿದ್ರು ನಿಜ, ಆದ್ರೂ ಅಕ್ಕನ ಕೈಲಿ ಓದೋಕೆ ಒಂದು ಕನ್ನಡದ ಪ್ರತಿ ಇದ್ದಿದ್ರೆ ಚೆನ್ನಾಗಿರ್ತಿತ್ತು, ಅವಳ ಬದುಕಿನ ಕೇಸದು. ದುಡ್ಡಿನ ವಿಷಯದಲ್ಲಿ ಮಾತ್ರ ಒಂದು ರೂಪಾಯಿ ಕೇಳ್ಲಿಲ್ಲ. ಅಮ್ಮ ಕೊಡೋಕೆ ಹೋದ್ರೆ "ನಮಗೆ ಪ್ರಾಧಿಕಾರದಿಂದ ಬರುತ್ತೆ, ನಿಮ್ ಹತ್ರ ತಗೊಳ್ಳೋ ಹಂಗಿಲ್ಲ" ಅಂತ ಕೈ ಮುಗಿದ್ರು.

ಕಾಯ್ತಾ ಕೂತಾಗ ಬೇರೆ ಕೇಸಿನೋರ ಜೊತೆ ಮಾತಾಡಿದ್ರಿಂದ ಒಂದೆರಡು ವಿಷಯ ಗೊತ್ತಾಯ್ತು, ಮೇಡಂ ಹತ್ರ ಕೇಳಿ ಖಾತ್ರಿ ಮಾಡ್ಕೊಂಡೇ ಬರೀತಿದೀನಿ. ಒಬ್ರು ಹಿರಿಯರು ಮಗನಿಗೆ ಹೊಡೆದ ಕೇಸಲ್ಲಿ ಆರೋಪಿ ಖುಲಾಸೆ ಆದ ಅಂತ ರಿವಿಜನ್ ಹಾಕೋಕೆ ಓಡಾಡ್ತಿದ್ರು. ರಿವಿಜನಲ್ಲಿ ಖುಲಾಸೆನ ಶಿಕ್ಷೆಯಾಗಿ ಬದಲಾಯಿಸೋಕೆ ಬರಲ್ಲ, ಹೆಚ್ಚಂದ್ರೆ ಮತ್ತೆ ವಿಚಾರಣೆ ಮಾಡಿ ಅನ್ಬಹುದು ಅಷ್ಟೇ. 2009ರ ಕೊನೇಲಿ ಜಾರಿಗೆ ಬಂದ ತಿದ್ದುಪಡಿಯಿಂದ ನೊಂದೋರಿಗೇ ಖುಲಾಸೆ ಮೇಲೆ ಅಪೀಲ್ ಹಾಕೋ ಹಕ್ಕಿದೆ, ಅಪೀಲ್ ಇರೋ ಕಡೆ ಅಪೀಲೇ ಹಾಕ್ಬೇಕು, ರಿವಿಜನ್ ಅಲ್ಲ. ಹಂಗೇ ಕೇಸ್ ನಡೀತಿರುವಾಗ ಕೊಡೋ ಸಣ್ಣಪುಟ್ಟ ಮಧ್ಯಂತರ ಆರ್ಡರ್‌ಗಳ ಮೇಲೂ ರಿವಿಜನ್ ಇಲ್ಲ, ಡೇಟ್ ಮುಂದೂಡಿದ್ರು, ಸಾಕ್ಷಿಗೆ ಸಮನ್ಸ್ ಕೊಟ್ರು ಅನ್ನೋದಕ್ಕೆಲ್ಲಾ ಓಡಿದ್ರೆ ಬಾಗಿಲಲ್ಲೇ ವಾಪಸ್. ನಿಮ್ಮ ದೂರನ್ನ ಮ್ಯಾಜಿಸ್ಟ್ರೇಟ್ ವಜಾ ಮಾಡಿದ್ರೆ ಅದಕ್ಕೆ ರಿವಿಜನ್ ಇದೆ, ಆದ್ರೆ ಎದುರು ಪಾರ್ಟಿಗೂ ನೋಟಿಸ್ ಹೋಗಿ ಅವರ ಮಾತೂ ಕೇಳ್ತಾರೆ. ನಿಮ್ಮ ಆರ್ಡರ್ ಇದರಲ್ಲಿ ಯಾವ ಜಾತಿಗೆ ಸೇರುತ್ತೆ ಅಂತ ಮೊದಲನೇ ವಾರದಲ್ಲೇ ಒಬ್ಬ ವಕೀಲರ ಹತ್ರ ಕೇಳ್ಕೊಳ್ಳಿ, ನಮ್ ತರ ಎರಡು ತಿಂಗಳು ಕಳೀಬೇಡಿ.

ರೇಟಿಂಗ್ ಕೊಡೋದಾದ್ರೆ ಐದಕ್ಕೆ ನಾಲ್ಕೂವರೆ. ಅರ್ಧ ಕಮ್ಮಿ ಮಾಡಿದ್ದು ಆ ಒಂದು ಡೇಟಿಗೂ ಕನ್ನಡದ ಪ್ರತಿಗೂ.

ಈಗ 39 ತಿಂಗಳ ಬಾಕಿಗೆ ಕೆಳಗಿನ ಕೋರ್ಟಲ್ಲಿ ವಸೂಲಿ ಅರ್ಜಿ ಹಾಕಿ ಆಗಿದೆ, ಅದೂ ಅದೇ ಮೇಡಮ್ಮೇ ನೋಡ್ತಿದಾರೆ. ಬಾಕಿಗೆ ಒಂದು ವರ್ಷದೊಳಗೆ ಅರ್ಜಿ ಹಾಕ್ಬೇಕು ಅಂತ ಕಾನೂನಲ್ಲಿದೆ, ಅದಕ್ಕೇ ಸೆಷನ್ಸ್ ಆರ್ಡರಿನ ಕಾಪಿ ಕೈಗೆ ಬಂದ ವಾರದಲ್ಲೇ ಹಾಕ್ಸಿದ್ರು. ಮೊದಲ ಕಂತು ಕಟ್ತೀನಿ ಅಂತ ಭಾವನ ಕಡೆ ವಕೀಲರು ಒಪ್ಕೊಂಡಿದಾರೆ, ಮುಂದಿನ ಡೇಟಿಗೆ ಡಿಡಿ ತರ್ಬೇಕು. ಅಕ್ಕ ಆ ಡೇಟನ್ನ ಕ್ಯಾಲೆಂಡರಲ್ಲಿ ಕೆಂಪು ಪೆನ್ನಲ್ಲಿ ಸುತ್ತು ಹಾಕಿಟ್ಟಿದಾಳೆ.